ಡೋನಟ್ಟಿನ ಹೊಟ್ಟೆಯಲ್ಲಿ ಪೇಡೆ, ಹೂರಣ, ಚಿಗಳಿ

ಹುಬ್ಬಳ್ಳಿಯಲ್ಲಿ ಮನೆಯಿಂದಲೇ ಬ್ರೆಡ್ಡು, ಕೇಕು ಮಾಡಿ ಕೊಡುವ ನನಗೆ ಈಗ ಹೆಚ್ಚು ಆರ್ಡರ್ ಬರುವುದು ಡೋನಟ್ಟಿಗೆ. ನಡುವೆ ತೂತಿದ್ದು ಮೇಲೆ ಚಾಕೊಲೇಟ್ ಬಳಿದದ್ದಲ್ಲ. ತೂತಿಲ್ಲದ, ದುಂಡಗೆ ಉಬ್ಬಿದ, ಹೊಟ್ಟೆ ತುಂಬಿಸಿಕೊಂಡ ಡೋನಟ್. ತುಂಬುವುದು ಜಾತ್ರೆಯಲ್ಲಿ, ಶಾಲೆಯ ಗೇಟಿನ ಮುಂದೆ, ಹಬ್ಬದ ಅಡುಗೆಮನೆಯಲ್ಲಿ ತಿಂದು ಬೆಳೆದ ಪದಾರ್ಥಗಳನ್ನೇ: ಧಾರವಾಡ ಪೇಡೆ, ಕಡಲೆಬೇಳೆ ಹೂರಣ, ಶೇಂಗಾ ಹೋಳಿಗೆಯ ಪುಡಿ, ಹುಣಸೆ ಚಿಗಳಿ. ಕಲಿಯಲು ಬರುವ ಹುಡುಗಿಯರು ಮೊದಲು ಕೇಳುವುದು ಅಳತೆ. ಅಳತೆ ಕೊಡುತ್ತೇನೆ. ಆದರೆ ಅಳತೆಗಿಂತ ಮುಂಚೆ ತಿಳಿಯಬೇಕಾದದ್ದು ಬೇರೆ ಇದೆ, ಅದಕ್ಕೇ ಅದನ್ನು ಒಂದನೆಯದಾಗಿ ಇಟ್ಟಿದ್ದೇನೆ.

1. ತಿನಿಸನ್ನು ತುರುಕಬೇಡಿ, ಅದರಲ್ಲಿ ನಾಲಿಗೆ ನೆನಪಿಟ್ಟದ್ದನ್ನು ಹುಡುಕಿ

ಡೋನಟ್ಟನ್ನು ಸೀಳಿ ಒಳಗೆ ಒಂದು ಪೇಡೆ ಇಟ್ಟರೆ ಅದು ಪೇಡೆಯ ಡೋನಟ್ ಆಗುವುದಿಲ್ಲ. ಬನ್ನು ಬೇರೆ, ಪೇಡೆ ಬೇರೆ, ಬಾಯಲ್ಲಿ ಎರಡೂ ಒಣಗಿ ನೀರು ಬೇಡುತ್ತವೆ. ಪೇಡೆಯಲ್ಲಿ ನಾವು ಇಷ್ಟಪಟ್ಟದ್ದು ಏನು? ಹಾಲು ಕಂದಾಗುವವರೆಗೆ ಹುರಿದಾಗ ಬರುವ ಸುಟ್ಟ ವಾಸನೆ, ಹಲ್ಲಿಗೆ ಸಿಗುವ ಹರಳು, ತುಟಿಗೆ ಮೊದಲು ತಾಗುವ ಹೊರಗಿನ ಸಕ್ಕರೆ. ಈ ಮೂರನ್ನು ಬೇರೆ ಬೇರೆ ಮಾಡಿ ನೋಡಿದಾಗ ಯಾವುದು ಒಳಗೆ ಹೋಗಬೇಕು, ಯಾವುದು ಹೊರಗೆ ಇರಬೇಕು ಎಂಬುದು ತಾನಾಗಿ ತಿಳಿಯುತ್ತದೆ. ಹೋಳಿಗೆಯದ್ದು ಬೆಲ್ಲ, ತುಪ್ಪ, ಜಾಜಿಕಾಯಿ ಮತ್ತು ನುಣುಪು. ಚಿಕ್ಕಿಯದ್ದು ಸಪ್ಪಳ. ಚಿಕ್ಕಿಯಿಂದ ಸಪ್ಪಳ ತೆಗೆದರೆ ಉಳಿಯುವುದು ಅಂಟುವ ಬೆಲ್ಲ ಮಾತ್ರ.

ಹೊಸ ತಿನಿಸೊಂದನ್ನು ಹಿಡಿದಾಗ ನಾನು ಒಲೆ ಹಚ್ಚುವ ಮೊದಲು ಅದನ್ನು ಕಣ್ಣು ಮುಚ್ಚಿ ತಿನ್ನುತ್ತೇನೆ. ಮೊದಲು ಏನು ಬಂತು, ಕೊನೆಗೆ ಏನು ಉಳಿಯಿತು ಎಂದು ಚೀಟಿಯಲ್ಲಿ ಬರೆದಿಡುತ್ತೇನೆ. ಆ ಚೀಟಿಯೇ ಪಾಕವಿಧಾನದ ಅರ್ಧ.

2. ಹಿಟ್ಟು ಸಪ್ಪೆ ಅನ್ನಿಸುವಷ್ಟು ಸಿಹಿ ಕಡಿಮೆ ಇರಲಿ

ನಮ್ಮ ಸಿಹಿಗಳು ನಿಜಕ್ಕೂ ಬಹಳ ಸಿಹಿ. ಬೇಕರಿಯ ಬನ್ನಿನಷ್ಟು ಸಕ್ಕರೆ ಹಾಕಿದ ಹಿಟ್ಟಿನೊಳಗೆ ಅವನ್ನು ತುಂಬಿದರೆ ಅರ್ಧಕ್ಕೇ ಮುಖ ಕಟ್ಟುತ್ತದೆ. ನನ್ನಲ್ಲಿ ಮೊಟ್ಟೆ ತಿನ್ನದ ಮನೆಗಳ ಆರ್ಡರೇ ಹೆಚ್ಚು, ಹಾಗಾಗಿ ಹಿಟ್ಟಿಗೆ ಮೊಟ್ಟೆ ಹಾಕುವುದಿಲ್ಲ. 500 ಗ್ರಾಂ ಮೈದಾ, 50 ಗ್ರಾಂ ಸಕ್ಕರೆ, 8 ಗ್ರಾಂ ಉಪ್ಪು, 7 ಗ್ರಾಂ ಇನ್‌ಸ್ಟಂಟ್ ಯೀಸ್ಟ್, 40 ಗ್ರಾಂ ಹಾಲಿನ ಪುಡಿ, 50 ಗ್ರಾಂ ಹುಳಿಯಾಗದ ಮೊಸರು, 260 ಮಿಲಿಲೀಟರ್ ಉಗುರುಬೆಚ್ಚಗಿನ ಹಾಲು, 60 ಗ್ರಾಂ ಬೆಣ್ಣೆ. ಇಷ್ಟಕ್ಕೆ 55 ಗ್ರಾಮಿನ ಹದಿನೇಳು ಉಂಡೆಗಳು ಆಗುತ್ತವೆ.

ಹಾಲನ್ನು ಒಮ್ಮೆಲೇ ಸುರಿಯಬೇಡಿ. ಒಂದು ಕಂಪನಿಯ ಮೈದಾ ಕುಡಿದಷ್ಟು ಇನ್ನೊಂದು ಕುಡಿಯುವುದಿಲ್ಲ, ಮಳೆಗಾಲದ ಚೀಲ ಬೇಸಿಗೆಯ ಚೀಲಕ್ಕಿಂತ ಕಡಿಮೆ ಬೇಡುತ್ತದೆ. ಎರಡು ಮೂರು ಚಮಚ ಹಾಲು ಹಿಂದಿಟ್ಟುಕೊಂಡು ಕೊನೆಗೆ ಬೇಕಾದರೆ ಸೇರಿಸಿ. ಬೆಣ್ಣೆಯನ್ನು ಮೊದಲೇ ಹಾಕಬಾರದು. ಹಿಟ್ಟು ನಾದಿ ನಾದಿ ಎಳೆ ಕಟ್ಟಿದ ಮೇಲೆ ಸ್ವಲ್ಪ ಸ್ವಲ್ಪವೇ ಸೇರಿಸಬೇಕು. ಮೊದಲೇ ಜಿಡ್ಡು ಹತ್ತಿದರೆ ಎಳೆ ಕಟ್ಟಲು ತಡವಾಗುತ್ತದೆ. ನಾದಿದ್ದು ಸಾಕಾಯಿತೇ ಎಂದು ನೋಡಲು ಒಂದು ಚೂರನ್ನು ಎರಡೂ ಕೈಯ ಬೆರಳುಗಳ ನಡುವೆ ನಿಧಾನ ಹಿಗ್ಗಿಸಿ. ಹರಿಯದೆ, ಆಚೆಯ ಬೆಳಕು ಮಸುಕಾಗಿ ಕಾಣುವಷ್ಟು ತೆಳುವಾದರೆ ಆಯಿತು. ಹೋಳಿಗೆಯ ಕಣಕ ನಾದಿ ಗೊತ್ತಿರುವವರಿಗೆ ಈ ಹದ ಬೇಗ ಕೈಗೆ ಹತ್ತುತ್ತದೆ. ಕಣಕ ಕುಟ್ಟಿ, ಎಳೆದು, ಎಣ್ಣೆಯಲ್ಲಿ ನೆನೆಸಿಡುವ ನಮ್ಮ ಹೆಂಗಸರಿಗೆ ಹಿಟ್ಟಿನ ಎಳೆಯ ಬಗ್ಗೆ ಪುಸ್ತಕ ಹೇಳಬೇಕಾದದ್ದು ಹೆಚ್ಚೇನಿಲ್ಲ.

ಉಪ್ಪು ಮಾತ್ರ ಕಡಿಮೆ ಮಾಡಬೇಡಿ. ಒಳಗಿನ ಬೆಲ್ಲಕ್ಕೆ ರುಚಿ ಬರುವುದೇ ಹೊರಗಿನ ಉಪ್ಪಿನಿಂದ.

3. ಹಿಟ್ಟು ಗಡಿಯಾರ ನೋಡುವುದಿಲ್ಲ

'ಒಂದು ಗಂಟೆ ಉಬ್ಬಲು ಬಿಡಿ' ಎಂದು ಪುಸ್ತಕದಲ್ಲಿರುತ್ತದೆ. ಹುಬ್ಬಳ್ಳಿಯ ಏಪ್ರಿಲ್ ಮಧ್ಯಾಹ್ನ ಮುಕ್ಕಾಲು ಗಂಟೆ ಸಾಕು, ಡಿಸೆಂಬರಿನ ಬೆಳಿಗ್ಗೆ ಎರಡು ಗಂಟೆಯಾದರೂ ಹಿಟ್ಟು ಅಲ್ಲೇ ಕುಳಿತಿರುತ್ತದೆ. ಎರಡರಷ್ಟು ಆಯಿತೇ ಎಂದು ಪಾತ್ರೆಯನ್ನು ನೋಡಿ, ಗೋಡೆಯನ್ನಲ್ಲ. ಮೊದಲ ಸಲ ಉಬ್ಬಿದ ಮೇಲೆ ನಾನು ಹಿಟ್ಟನ್ನು ರಾತ್ರಿಯಿಡೀ ಫ್ರಿಜ್ಜಿನಲ್ಲಿಡುತ್ತೇನೆ. ರುಚಿ ಬೆಳೆಯುತ್ತದೆ, ತಣ್ಣಗಿರುವ ಹಿಟ್ಟು ಕೈಗೆ ಅಂಟದೆ ಉಂಡೆ ನುಣ್ಣಗೆ ಕಟ್ಟಲು ಬರುತ್ತದೆ. ಉಂಡೆಯ ತಳದಲ್ಲಿ ಬಿರುಕು ಉಳಿದರೆ ಮುಂದೆ ತುಂಬಿದ್ದೆಲ್ಲ ಅಲ್ಲಿಂದಲೇ ಸೋರುತ್ತದೆ.

ಎರಡನೆಯ ಸಲ ಉಬ್ಬಲು ಪ್ರತಿ ಉಂಡೆಯನ್ನೂ ಬೇರೆ ಬೇರೆ ಬಟರ್ ಪೇಪರ್ ಚೂರಿನ ಮೇಲೆ ಇಡಿ. ಎಣ್ಣೆಗೆ ಬಿಡುವಾಗ ಕಾಗದದ ಸಮೇತ ಬಿಟ್ಟರೆ ಎರಡು ಕ್ಷಣದಲ್ಲಿ ಕಾಗದ ಬಿಟ್ಟುಕೊಳ್ಳುತ್ತದೆ, ಇಕ್ಕಳದಲ್ಲಿ ಎತ್ತಿಬಿಡಬಹುದು. ಉಬ್ಬಿದ ಉಂಡೆಯನ್ನು ಬೆರಳಲ್ಲಿ ಎತ್ತಿದರೆ ಒಳಗಿನ ಗಾಳಿ ಹೋಯಿತು ಎಂದೇ ಲೆಕ್ಕ. ಬೆರಳ ತುದಿಯಿಂದ ಮೆಲ್ಲಗೆ ಒತ್ತಿದಾಗ ಗುಳಿ ತಟ್ಟನೆ ತುಂಬಿಕೊಂಡರೆ ಇನ್ನೂ ಕಾಯಬೇಕು. ನಿಧಾನಕ್ಕೆ, ಅರ್ಧಂಬರ್ಧ ತುಂಬಿಕೊಂಡರೆ ಎಣ್ಣೆ ಕಾಯಿಸಿ. ತುಂಬಿಕೊಳ್ಳಲೇ ಇಲ್ಲವೆಂದರೆ ಹೊತ್ತು ಮೀರಿದೆ, ಅಂಥ ಉಂಡೆ ಎಣ್ಣೆಯಲ್ಲಿ ಸುಕ್ಕಾಗುತ್ತದೆ.

4. ಎಣ್ಣೆಗೆ ಥರ್ಮಾಮೀಟರ್ ಇರಲಿ, ಅತ್ತೆಯೂ ಇರಲಿ

170ರಿಂದ 175 ಡಿಗ್ರಿ ಸೆಲ್ಸಿಯಸ್. ಅದಕ್ಕಿಂತ ಕೆಳಗಾದರೆ ಡೋನಟ್ ಎಣ್ಣೆ ಕುಡಿಯುತ್ತದೆ, 185 ದಾಟಿದರೆ ಹೊರಗೆ ಕೆಂಪಾಗಿ ಒಳಗೆ ಹಸಿ ಉಳಿಯುತ್ತದೆ. ಒಂದೊಂದು ಮಗ್ಗುಲಿಗೆ ಒಂದೂವರೆಯಿಂದ ಎರಡು ನಿಮಿಷ. ನಮ್ಮತ್ತೆಗೆ ಈ ಥರ್ಮಾಮೀಟರ್ ಕಡ್ಡಿಯ ಮೇಲೆ ನಂಬಿಕೆ ಇಲ್ಲ. ಕಡಲೆಗಾತ್ರದ ಹಿಟ್ಟನ್ನು ಎಣ್ಣೆಗೆ ಬಿಟ್ಟು, ಅದು ತಳಕ್ಕೆ ಹೋಗಿ ಮೇಲೆ ಬರುವ ಚಂದ ನೋಡಿ, "ಇನ್ನಾ ಕಾದಿಲ್ಲವಾ, ಅವಸರ ಮಾಡಬ್ಯಾಡ" ಅನ್ನುತ್ತಾರೆ. ಕಡ್ಡಿ ಆಗ 160 ತೋರಿಸುತ್ತಿರುತ್ತದೆ. ಹಾಗಾದರೆ ಥರ್ಮಾಮೀಟರ್ ಯಾಕೆ ಅಂದರೆ, ಅತ್ತೆ ಮೊದಲ ಬ್ಯಾಚಿಗೆ ನೋಡಿ ಒಳಗೆ ಹೋಗುತ್ತಾರೆ. ನಾಲ್ಕು ತಣ್ಣನೆಯ ಉಂಡೆ ಬಿದ್ದ ಕೂಡಲೇ ಎಣ್ಣೆಯ ಕಾವು ಇಳಿಯುತ್ತದೆ, ನಾವು ಉರಿ ಏರಿಸುತ್ತೇವೆ, ಮೂರನೆಯ ಬ್ಯಾಚಿಗೆ ಅದು 190ಕ್ಕೆ ಹೋಗಿರುತ್ತದೆ. ಕಣ್ಣಿಗೆ ಅದು ಕಾಣುವುದಿಲ್ಲ.

ಸರಿಯಾಗಿ ಉಬ್ಬಿದ ಡೋನಟ್ಟಿನ ನಡುವೆ, ಸೊಂಟಕ್ಕೆ ಕಟ್ಟಿದ ಉಡಿದಾರದ ಹಾಗೆ, ಬಿಳಿ ಪಟ್ಟಿ ಉಳಿಯುತ್ತದೆ. ಹಗುರವಾಗಿ ಅರ್ಧ ಮೇಲೆ ಅರ್ಧ ಕೆಳಗೆ ತೇಲಿದ್ದಕ್ಕೆ ಅದೇ ಗುರುತು. ಪಟ್ಟಿ ಕಾಣದೆ ಸುತ್ತಲೂ ಒಂದೇ ಬಣ್ಣ ಬಂದಿದ್ದರೆ ಅದು ಭಾರವಾಗಿ ಮುಳುಗಿತ್ತು ಎಂದರ್ಥ. ಕೊಳ್ಳಲು ಹೋದಾಗಲೂ ಈ ಪಟ್ಟಿ ನೋಡಿಯೇ ಕೊಳ್ಳಿ.

ಎಣ್ಣೆ ಯಾವುದು? ವಾಸನೆಯಿಲ್ಲದ ಸೂರ್ಯಕಾಂತಿ ನಡೆಯುತ್ತದೆ. ಗಾಣದ ಶೇಂಗಾ ಎಣ್ಣೆಯನ್ನು ಶೇಂಗಾ ಹೂರಣದ ಡೋನಟ್ಟಿಗೆ ಮಾತ್ರ ಬಳಸುತ್ತೇನೆ, ಪೇಡೆಯದಕ್ಕೆ ಅದರ ವಾಸನೆ ಅಡ್ಡ ಬರುತ್ತದೆ. ಕರಿದ ಎಣ್ಣೆಯನ್ನು ಸೋಸಿ ಇನ್ನೊಂದು ಸಲ ಬಳಸಬಹುದು, ಅದರಾಚೆ ಬೇಡ. ಹೋಟೆಲು, ಕರಿದ ತಿಂಡಿ ಅಂಗಡಿಗಳಿಗೆ 2018ರಿಂದ ಕಾನೂನೇ ಇದೆ: ಎಣ್ಣೆ ಕೆಟ್ಟಾಗ ಹುಟ್ಟುವ ಪೋಲಾರ್ ಸಂಯುಕ್ತಗಳು ಶೇಕಡಾ 25 ದಾಟಬಾರದು. ಮನೆಯಲ್ಲಿ ಅದನ್ನು ಅಳೆಯುವ ಸಾಧನ ಇಲ್ಲ, ಮೂಗಿದೆ.

5. ಮೊದಲು ತುಂಬಿ ಕರಿಯುವುದು ನಮ್ಮ ಪದ್ಧತಿ, ಇಲ್ಲಿ ಅದು ನಡೆಯುವುದಿಲ್ಲ

ಸುಕ್ಕಿನುಂಡೆ, ಸಜ್ಜಪ್ಪ, ಕರ್ಜಿಕಾಯಿ, ಕಡುಬು, ಎಲ್ಲವನ್ನೂ ತುಂಬಿಯೇ ಕರಿಯುತ್ತೇವೆ. ಹಾಗಾಗಿ ಉಂಡೆಯೊಳಗೆ ಹೂರಣ ಇಟ್ಟು ಬಾಯಿ ಮುಚ್ಚಿ ಉಬ್ಬಿಸಿದರಾಯಿತಲ್ಲ ಎಂದು ಎಲ್ಲರೂ ಕೇಳುತ್ತಾರೆ. ಸುಕ್ಕಿನುಂಡೆಯ ಮೇಲಿನದು ತೆಳು ಹಿಟ್ಟಿನ ಹೊದಿಕೆ, ಕರ್ಜಿಕಾಯಿಯದ್ದು ಗಟ್ಟಿ ಕಣಕ. ಎರಡೂ ಉಬ್ಬುವ ಜಾತಿಯಲ್ಲ. ಯೀಸ್ಟ್ ಹಿಟ್ಟು ಹಾಗಲ್ಲ. ಒಳಗಿನ ಭಾರಕ್ಕೆ ಅದು ಏಳುವುದಿಲ್ಲ, ಹೂರಣಕ್ಕೆ ತಾಗಿದ ಪದರ ಬೇಯದೆ ಅಂಟಂಟಾಗಿ ಉಳಿಯುತ್ತದೆ, ಒಳಗಿನ ತೇವ ಆವಿಯಾಗಿ ಎಲ್ಲಿ ತೆಳುವಿದೆಯೋ ಅಲ್ಲಿ ಒಡೆದು ಬರುತ್ತದೆ. ಕಾದ ಎಣ್ಣೆಯಲ್ಲಿ ಬೆಲ್ಲ ಒಡೆದರೆ ಆ ಬಾಣಲೆಯ ಎಣ್ಣೆಯನ್ನೇ ಚೆಲ್ಲಬೇಕು.

ಕರಾವಳಿಯವರು ತಮ್ಮ ಬನ್ಸ್ ನೆನಪಿಸುತ್ತಾರೆ. ಬಾಳೆಹಣ್ಣು, ಮೊಸರು, ಮೈದಾ ಕಲಸಿ ರಾತ್ರಿ ಇಟ್ಟು ಲಟ್ಟಿಸಿ ಕರಿಯುವ ಆ ಬನ್ಸ್ ಪೂರಿಯಂತೆ ಉಬ್ಬಿ ಒಳಗೆ ಪೊಳ್ಳಾಗುತ್ತದೆ. ಆ ಪೊಳ್ಳಿಗೆ ತುಂಬಲು ನಾನೂ ಆಸೆಪಟ್ಟಿದ್ದೆ. ಆದರೆ ಬನ್ಸಿನ ಮೈ ಸಿಹಿ, ಬಾಳೆಹಣ್ಣಿನ ವಾಸನೆ ಗಟ್ಟಿ, ಅದು ತನ್ನೊಳಗೆ ಬೇರೆಯವರನ್ನು ಬಿಟ್ಟುಕೊಳ್ಳುವುದಿಲ್ಲ. ಅದಕ್ಕೆ ಕಾಯಿಚಟ್ನಿಯೇ ಸರಿ.

ಕರಿದು, ಅರ್ಧ ಗಂಟೆ ಆರಲು ಬಿಟ್ಟು, ಬಿಳಿ ಪಟ್ಟಿಯ ಮೇಲೆ ಒಂದು ಕಡ್ಡಿ ಚುಚ್ಚಿ. ಚುಚ್ಚಿ ತೆಗೆದರೆ ಸಾಲದು, ಒಳಗೇ ಎಡಕ್ಕೂ ಬಲಕ್ಕೂ ಆಡಿಸಿ ಜಾಗ ಮಾಡಬೇಕು. ಬಾಯಿ ಚಿಕ್ಕದಿರಲಿ, ಹೊಟ್ಟೆ ದೊಡ್ಡದಾಗಲಿ. ತುದಿಗೆ ಕೊಳವೆ ಹಾಕಿದ ಪೈಪಿಂಗ್ ಚೀಲದಿಂದ ಒತ್ತಿ ತುಂಬಬೇಕು. ತುಂಬುವ ಮುಂಚೆ ಮತ್ತು ತುಂಬಿದ ಮೇಲೆ ತಕ್ಕಡಿಯ ಮೇಲಿಡಿ. 25ರಿಂದ 30 ಗ್ರಾಂ ಹೆಚ್ಚಿರಬೇಕು. ಕೈಗೆ ಭಾರ ಅನ್ನಿಸಿತು ಎಂದು ಬಿಟ್ಟ ಡೋನಟ್ಟಿನಲ್ಲಿ ಬಹಳ ಸಲ 15 ಗ್ರಾಮೂ ಇರುವುದಿಲ್ಲ, ಕೊಂಡವರು ಮೂರನೆಯ ತುತ್ತಿಗೆ ಬರೀ ಬನ್ನು ತಿನ್ನುತ್ತಾರೆ.

6. ಪೇಡೆ: ಮೂರರಲ್ಲಿ ಎರಡು ಪಾಲು ಕರಗಲಿ, ಒಂದು ಪಾಲು ಹಾಗೇ ಇರಲಿ

"ಅಕ್ಕಾರ, ಪೇಡೆ ಪೇಡೆನ ಇರ್ಲಿ ಬಿಡ್ರಿ, ಅದನ್ಯಾಕ ಬನ್ನಿನಾಗ ತುಂಬ್ತೀರಿ?" ಎಂದು ಧಾರವಾಡದ ಒಬ್ಬ ಹಿರಿಯರು ಫೋನಿನಲ್ಲೇ ಜಗಳ ತೆಗೆದಿದ್ದರು. ಅವರ ಸಿಟ್ಟು ನನಗೆ ಅರ್ಥವಾಗುತ್ತದೆ. ಆದರೆ ಧಾರವಾಡ ಪೇಡೆಯೂ ಊರು ಬಿಟ್ಟು ಬಂದದ್ದೇ. ಪ್ಲೇಗಿನ ಕಾಲದಲ್ಲಿ ಉತ್ತರ ಪ್ರದೇಶದ ಉನ್ನಾವದಿಂದ ಬಂದ ಠಾಕೂರ ಮನೆತನ ಇಲ್ಲಿಯ ಹಾಲಿನಲ್ಲಿ ತಮ್ಮೂರಿನ ಪೇಡೆ ಮಾಡಿತು, ಅದು ಇಲ್ಲಿಯದೇ ಆಗಿ ಭೌಗೋಳಿಕ ಗುರುತಿನ ಮಾನ್ಯತೆಯನ್ನೂ ಪಡೆಯಿತು. ಅಂಥ ಪೇಡೆ ಇನ್ನೊಂದು ಹೆಜ್ಜೆ ಮುಂದೆ ಹೋದರೆ ತಪ್ಪಿಲ್ಲ ಎಂಬುದು ನನ್ನ ವಾದ. ಅವರು ಒಪ್ಪಲಿಲ್ಲ. ಮಗಳ ಮನೆಗೆಂದು ಅರ್ಧ ಡಜನ್ ಹೇಳಿದರು, ಅದು ಬೇರೆ ಮಾತು.

400 ಮಿಲಿಲೀಟರ್ ಗಟ್ಟಿ ಹಾಲು. ಅದರಲ್ಲಿ ಅರ್ಧ ಬಟ್ಟಲು ತಣ್ಣಗಿರುವಾಗಲೇ ತೆಗೆದು 35 ಗ್ರಾಂ ಕಾರ್ನ್‌ಫ್ಲೋರ್ ಕದಡಿಕೊಳ್ಳಿ. ಉಳಿದ ಹಾಲು ಕುದಿ ಬಂದಾಗ ಇದನ್ನು ಸುರಿದು ಕೈ ಬಿಡದೆ ತಿರುವಿ. ಗಟ್ಟಿಯಾದ ಕೂಡಲೇ ಇಳಿಸುವುದು ಸಾಮಾನ್ಯ ಅಭ್ಯಾಸ, ಹಾಗೆ ಇಳಿಸಿದರೆ ಹಸಿಹಿಟ್ಟಿನ ರುಚಿ ಉಳಿಯುತ್ತದೆ. ಗುಳ್ಳೆ ಏಳುತ್ತಿರುವಾಗಲೇ ಇನ್ನೂ ಒಂದೂವರೆ ನಿಮಿಷ ಬೇಯಿಸಿ. ಒಲೆಯಿಂದ ಇಳಿಸಿ, 200 ಗ್ರಾಂ ಪೇಡೆಯಲ್ಲಿ ಮೂರರಲ್ಲಿ ಎರಡು ಪಾಲನ್ನು ಪುಡಿ ಮಾಡಿ ಬಿಸಿಯಲ್ಲೇ ಕರಗಿಸಿ. ಸಕ್ಕರೆ ಒಂದು ಕಾಳೂ ಬೇಡ. ಚಿಟಿಕೆ ಉಪ್ಪು. ಕೆನೆ ಕಟ್ಟದ ಹಾಗೆ ಮೇಲ್ಮೈಗೆ ತಾಗುವಂತೆ ಪ್ಲಾಸ್ಟಿಕ್ ಹಾಳೆ ಮುಚ್ಚಿ ಫ್ರಿಜ್ಜಿಗಿಡಿ. ನಾಲ್ಕು ತಾಸಿನ ಮೇಲೆ ತೆಗೆದರೆ ಖೋವಾದ ಮುದ್ದೆಯಂತಿರುತ್ತದೆ, ಗಾಬರಿ ಬೇಡ. 40 ಗ್ರಾಂ ಮೆತ್ತನೆಯ ಬೆಣ್ಣೆ ಹಾಕಿ ಕಡೆದರೆ ನುಣ್ಣಗೆ ತಿರುಗುತ್ತದೆ. ಈಗ ಉಳಿದ ಒಂದು ಪಾಲು ಪೇಡೆಯನ್ನು ಸಣ್ಣ ರವೆಯಂತೆ ಉದುರಿಸಿ ಬೆರೆಸಿ. ಎಲ್ಲವನ್ನೂ ಕರಗಿಸಿಬಿಟ್ಟರೆ ಹಲ್ಲಿಗೆ ಹರಳು ಸಿಗದೆ ಅದು ಯಾವುದೋ ಹಾಲಿನ ಕ್ರೀಮ್ ಆಗುತ್ತದೆ. ತಿಂದವರು "ಚೆನ್ನಾಗಿದೆ, ಏನಿದು?" ಎಂದು ಕೇಳುತ್ತಾರೆ. ಹರಳಿದ್ದರೆ ಕೇಳುವುದಿಲ್ಲ.

ಹೊರಗಿನ ಸಕ್ಕರೆ ಮರೆಯಬೇಡಿ. ಪೇಡೆಯ ಮೈಗೆ ಹತ್ತಿರುವ ಹಾಗೆ ಸಣ್ಣ ಹರಳಿನ ಸಕ್ಕರೆಯಲ್ಲೇ ಡೋನಟ್ಟನ್ನು ಹೊರಳಿಸಬೇಕು. ಐಸಿಂಗ್ ಸಕ್ಕರೆ ಬಿಸಿಗೆ ಕರಗಿ ಮಾಯವಾಗುತ್ತದೆ. ಬೆಳಗಾವಿಯ ಕುಂದಾಕ್ಕೂ ಇದೇ ಕ್ರಮ, ಆದರೆ ಕುಂದಾ ಮೊದಲೇ ಮೆತ್ತಗಿರುವುದರಿಂದ ಹಾಲು ಕಾಲು ಭಾಗ ಕಡಿಮೆ ಮಾಡಿ.

7. ಹೋಳಿಗೆಯಲ್ಲಿ ಹೂರಣ ಹೆಚ್ಚು, ಕಣಕ ಕಡಿಮೆ, ಡೋನಟ್ಟಿನಲ್ಲಿ ತಿರುಗಾಮುರುಗಾ

ಒಳ್ಳೆಯ ಹೋಳಿಗೆಯಲ್ಲಿ ಕಣಕಕ್ಕಿಂತ ಎರಡು ಪಟ್ಟು ಹೂರಣ ಇರುತ್ತದೆ. ಡೋನಟ್ಟಿನಲ್ಲಿ ಹೂರಣ ಒಂದು ಪಾಲು, ಬನ್ನು ಎರಡು ಪಾಲು. ಹಬ್ಬದ ಹೂರಣವನ್ನೇ ತುಂಬಿದರೆ ಸಪ್ಪೆ ಅನ್ನಿಸುವುದು ಇದಕ್ಕೇ. ಏಲಕ್ಕಿ, ಜಾಜಿಕಾಯಿ ಎರಡೂ ಒಂದೂವರೆ ಪಟ್ಟು ಹಾಕಿ. ಬೆಲ್ಲ ಬೇಳೆಯ ಸಮತೂಕ ಇರಲಿ, 200 ಗ್ರಾಮಿಗೆ 200. ಬಿಳಿಚಿದ ಬೆಲ್ಲ ಬೇಡ, ಕಂದು ಬೆಲ್ಲದ ಸ್ವಲ್ಪ ಕ್ಷಾರ, ಸ್ವಲ್ಪ ಕಹಿ ಇಲ್ಲಿ ಬೇಕಾಗುತ್ತದೆ.

ಬೇಳೆ ಬೆಂದ ಮೇಲೆ ಕಟ್ಟನ್ನು ಪೂರ್ತಿ ಬಸಿಯಿರಿ, ಆ ದಿನ ಮನೆಯಲ್ಲಿ ಕಟ್ಟಿನ ಸಾರು. ರುಬ್ಬಿದ ಹೂರಣವನ್ನು ಬಿಸಿ ಇರುವಾಗಲೇ ಜರಡಿಯಲ್ಲಿ ಒತ್ತಿ ಇಳಿಸಿ. ಒಂದೇ ಒಂದು ಬೇಳೆಯ ಸಿಪ್ಪೆ ಸಾಕು, ಕೊಳವೆಯ ಬಾಯಿ ಕಟ್ಟಿ, ಒತ್ತಡಕ್ಕೆ ಚೀಲದ ಹಿಂಬದಿಯಿಂದ ಹೂರಣ ಮೊಣಕೈಗೆ ಇಳಿಯುತ್ತದೆ. ತೆಳುಮಾಡಲು ಹಾಲು ಹಾಕುವವರಿದ್ದಾರೆ. ಬಿಸಿ ಹಾಲಿಗೆ ಬೆಲ್ಲ ಬಿದ್ದರೆ ಒಡೆಯುವ ಭಯ ಯಾವಾಗಲೂ ಇದ್ದೇ ಇದೆ. ಗಟ್ಟಿ ತೆಂಗಿನಹಾಲು ಆ ತಕರಾರು ಮಾಡುವುದಿಲ್ಲ, ಬೆಲ್ಲಕ್ಕೂ ಹೊಂದುತ್ತದೆ. 60ರಿಂದ 80 ಮಿಲಿಲೀಟರ್ ಸಾಕು, ಜೊತೆಗೆ ಎರಡು ದೊಡ್ಡ ಚಮಚ ತುಪ್ಪ. ಹೂರಣ ತಣ್ಣಗಾದರೆ ಬೇಳೆಯ ಪಿಷ್ಟವೂ ತುಪ್ಪವೂ ಸೇರಿ ಕಲ್ಲಾಗುವುದರಿಂದ ಉಗುರುಬೆಚ್ಚಗೆ ಇರುವಾಗಲೇ ತುಂಬಿ.

ಇನ್ನು ತುಪ್ಪದ ವಾಸನೆ. ಬಿಸಿ ಹೋಳಿಗೆಯ ಮೇಲೆ ಸುರಿದ ತುಪ್ಪದ ವಾಸನೆ ಒಳಗೆ ಬೆರೆಸಿದ ತುಪ್ಪದಿಂದ ಬರುವುದಿಲ್ಲ. ಕೊಡುವ ಸ್ವಲ್ಪ ಮುಂಚೆ ಕರಗಿದ ತುಪ್ಪವನ್ನು ಡೋನಟ್ಟಿನ ನೆತ್ತಿಗೆ ಬ್ರಷ್ಷಿನಿಂದ ಸವರಿ. ಮೂಗಿಗೆ ಮೊದಲು ಅದೇ ಹೋಗುತ್ತದೆ. ಮೈಸೂರು ಕಡೆಯವರು ತೊಗರಿಬೇಳೆಯಲ್ಲಿ ಮಾಡಿ ಅಂತಾರೆ. ಮಾಡಬಹುದು, ಅದು ಇನ್ನೂ ಮೆತ್ತಗೆ ಬರುತ್ತದೆ. ನನ್ನ ನಾಲಿಗೆ ಕಡಲೆಬೇಳೆಯದು.

8. ನೀರಿದ್ದ ಹೂರಣ, ನೀರಿಲ್ಲದ ಹೂರಣ ಎಂದು ಎರಡೇ ಜಾತಿ

ಹಸಿ ತೆಂಗಿನಕಾಯಿ ಮತ್ತು ಬೆಲ್ಲದ ಹೂರಣ ಎಲ್ಲರಿಗೂ ಪ್ರೀತಿ. ಆದರೆ ಅದರ ಎಸಳು ಕೊಳವೆಯಲ್ಲಿ ಸಿಕ್ಕಿಕೊಳ್ಳುತ್ತದೆ, ತೇವ ಬನ್ನಿನ ಒಳಮೈಯನ್ನು ನೆನೆಸಿ ಕೆಡಿಸುತ್ತದೆ, ಬೇಸಿಗೆಯಲ್ಲಿ ಸಂಜೆಯೊಳಗೆ ಹಳಸಿದ ವಾಸನೆ ಹಿಡಿಯುತ್ತದೆ. ಶೇಂಗಾ ಹೋಳಿಗೆಯ ಹೂರಣಕ್ಕೆ ಈ ಯಾವ ಕಾಟವೂ ಇಲ್ಲ. ಹುರಿದ ಶೇಂಗಾ, ಸ್ವಲ್ಪ ಎಳ್ಳು, ಬೆಲ್ಲ. ಅದರಲ್ಲಿ ನೀರೇ ಇಲ್ಲ, ಇರುವುದು ಶೇಂಗಾದ್ದೇ ಎಣ್ಣೆ. ಉತ್ತರ ಕರ್ನಾಟಕದಲ್ಲಿ ಶೇಂಗಾ ಹೋಳಿಗೆಯನ್ನು ಪ್ರಯಾಣಕ್ಕೆ ಕಟ್ಟಿಕೊಡುವುದಕ್ಕೂ ಇದೇ ಕಾರಣ.

250 ಗ್ರಾಂ ಹುರಿದು ಸಿಪ್ಪೆ ತೆಗೆದ ಶೇಂಗಾವನ್ನು ಮಿಕ್ಸಿಯಲ್ಲಿ ಎಣ್ಣೆ ಬಿಡುವವರೆಗೆ ತಿರುಗಿಸಿ. ಮೊದಲು ಪುಡಿ, ಆಮೇಲೆ ಮುದ್ದೆ, ಆಮೇಲೆ ತಾನಾಗಿ ಹರಿಯುತ್ತದೆ. ನಡುನಡುವೆ ಮಿಕ್ಸಿಗೆ ಬಿಡುವು ಕೊಡಿ, ಮೋಟಾರು ಬಿಸಿಯಾದರೆ ಶೇಂಗಾ ಕಮಟುತ್ತದೆ. ಸಣ್ಣಗೆ ಪುಡಿ ಮಾಡಿದ 120 ಗ್ರಾಂ ಬೆಲ್ಲ, ಹುರಿದು ಪುಡಿ ಮಾಡಿದ ಎರಡು ಚಮಚ ಎಳ್ಳು, ಅರ್ಧ ಚಮಚ ಉಪ್ಪು, ಎರಡು ಚಮಚ ತುಪ್ಪ. ಒಂದು ಹನಿ ನೀರು ಅಥವಾ ಹಾಲು ಬಿದ್ದರೂ ಇಡೀ ಹೂರಣ ಬಿಗಿದುಕೊಳ್ಳುತ್ತದೆ, ಆದ್ದರಿಂದ ಚಮಚವೂ ಒಣಗಿರಲಿ. ಈ ಡೋನಟ್ಟನ್ನು ಬೆಳಿಗ್ಗೆ ಮಾಡಿ ಬೆಂಗಳೂರಿನ ರಾತ್ರಿ ಬಸ್ಸಿಗೆ ಕಳಿಸಿದ್ದೇನೆ, ಪೇಡೆಯದ್ದನ್ನು ಪಕ್ಕದ ಧಾರವಾಡಕ್ಕೂ ಡಬ್ಬಿಯಲ್ಲಿ ಐಸ್ ಪ್ಯಾಕ್ ಇಲ್ಲದೆ ಕಳಿಸುವುದಿಲ್ಲ.

ತೆಂಗೇ ಬೇಕು ಅನ್ನುವವರಿಗೆ ಬೆಂಗಳೂರಿನ ಅಯ್ಯಂಗಾರ್ ಬೇಕರಿಗಳ ಹನಿ ಕೇಕ್ ದಾರಿ ತೋರಿಸುತ್ತದೆ. ಒಳಗೆ ಕೆಂಪು ಜಾಮು ಇರಲಿ, ಒಣಕೊಬ್ಬರಿಯ ಪುಡಿ ಮೇಲಿರಲಿ. ಡೋನಟ್ಟಿನ ನೆತ್ತಿಗೆ ಬಿಸಿ ಜಾಮು ಬಳಿದು ಕೊಬ್ಬರಿಪುಡಿಯಲ್ಲಿ ಒತ್ತಿದರೆ ಮುಗಿಯಿತು. ಇಷ್ಟು ಕಡಿಮೆ ಕೆಲಸಕ್ಕೆ ಇಷ್ಟು ಹೊಗಳಿಕೆ ಇನ್ನಾವುದಕ್ಕೂ ಬಂದಿಲ್ಲ, ಅದರಲ್ಲೂ ಬೆಂಗಳೂರಲ್ಲಿ ಓದಿದವರಿಂದ.

9. ಕುರುಕು ಒಳಗೆ ಬೇಡ

ಚಿಕ್ಕಿ, ಕರದಂಟಿನ ಹುರಿದ ಅಂಟು, ಎರಡೂ ಕ್ರೀಮಿನೊಳಗೆ ಹೋದರೆ ಒಂದು ಗಂಟೆಯಲ್ಲಿ ಮೆತ್ತಗಾಗುತ್ತವೆ. ಬೆಲ್ಲದ ಪಾಕ ತೇವ ಎಲ್ಲಿದ್ದರೂ ಎಳೆದುಕೊಳ್ಳುತ್ತದೆ. ಚಿಕ್ಕಿಯನ್ನು ಕುಟ್ಟಿ ಡಬ್ಬಿಯಲ್ಲಿ ಬೇರೆಯೇ ಇಟ್ಟುಕೊಂಡು, ಕೊಡುವ ಹೊತ್ತಿಗೆ ಮೇಲೆ ಒತ್ತಿ. ದೂರ ಹೋಗುವುದಿದ್ದರೆ ಚಿಕ್ಕಿಯ ಚೂರುಗಳನ್ನು ಕರಗಿಸಿದ ಬಿಳಿ ಚಾಕೊಲೇಟಿನಲ್ಲಿ ಹೊರಳಿಸಿ ಆರಿಸಿ, ಜಿಡ್ಡಿನ ಪದರ ದಾಟಿ ತೇವ ಹೋಗುವುದಿಲ್ಲ. ಗೋಕಾಕ, ಅಮೀನಗಡದ ಕರದಂಟಿನಿಂದ ಅಂಜೂರ, ಉತ್ತತ್ತಿಯನ್ನು ಬಿಡಿಸಿ ಒಳಗೆ ಹಾಕಿ, ಅಂಟನ್ನು ತುಪ್ಪದಲ್ಲಿ ಹೊಸದಾಗಿ ಅರಳಿಸಿ ಮೇಲೆ ಉದುರಿಸಿ.

10. ಕೆಲವು ತಿನಿಸುಗಳಿಗೆ ಕೈ ಹಾಕಬೇಡಿ

ಬೊಂಬಾಯಿ ಮಿಠಾಯಿ, ಬೆಂಡು, ಬತ್ತಾಸು. ಇವುಗಳ ಸುಖವೆಲ್ಲ ಬಾಯಲ್ಲಿ ಕರಗಿ ಇಲ್ಲವಾಗುವುದರಲ್ಲಿದೆ. ಬನ್ನಿನೊಳಗೆ ಅವು ಬಾಯಿಗೆ ಬರುವ ಮೊದಲೇ ಕರಗಿ ಸಕ್ಕರೆನೀರಾಗಿರುತ್ತವೆ. ಕಿತ್ತಳೆ ತೊಳೆಯ ಆಕಾರದ ಪೆಪ್ಪರಮಿಂಟಿನ ಡೋನಟ್ ಬೇಕೆಂದು ಕೇಳುವವರಿದ್ದಾರೆ. ಆ ರುಚಿ ಎಸೆನ್ಸಿನದು, ಬಣ್ಣದ್ದು. ಸೀಸೆಯಿಂದ ನಾಲ್ಕು ಹನಿ ಹಾಕಿ ಅದನ್ನೇ ಬಾಲ್ಯ ಎಂದು ಮಾರಲು ನನಗೆ ಮನಸ್ಸಾಗುವುದಿಲ್ಲ.

11. ಹುಳಿ ಇಲ್ಲದೆ ಪೆಟ್ಟಿಗೆ ಕೊಡಬೇಡಿ

ಆಸ್ಟ್ರಿಯಾದಲ್ಲಿ ಇಂಥ ಡೋನಟ್ಟಿಗೆ ಆಪ್ರಿಕಾಟ್ ಜಾಮ್ ತುಂಬುತ್ತಾರೆ. ಪೋಲೆಂಡಿನಲ್ಲಿ ಪ್ಲಮ್ ಅಥವಾ ಕಾಡುಗುಲಾಬಿಯದು. ಎಲ್ಲವೂ ಸ್ವಲ್ಪ ಹುಳಿ, ಸ್ವಲ್ಪ ಒಗರು. ಕರಿದ ಹಿಟ್ಟಿನ ಜಿಡ್ಡನ್ನು ಕತ್ತರಿಸಲು ಹುಳಿ ಬೇಕು ಎಂಬುದು ಅವರಿಗೆ ಬಹಳ ಹಿಂದೆಯೇ ಗೊತ್ತಾಗಿತ್ತು. ನಮ್ಮ ಪೇಡೆ, ಹೂರಣ, ಕುಂದಾ ಯಾವುದರಲ್ಲೂ ಹುಳಿ ಇಲ್ಲ. ಆರು ಡೋನಟ್ಟಿನ ಪೆಟ್ಟಿಗೆಯಲ್ಲಿ ಆರೂ ಹಾಲು, ಬೆಲ್ಲದವೇ ಆದರೆ ಮೂರನೆಯದನ್ನು ಯಾರೂ ಮುಟ್ಟುವುದಿಲ್ಲ.

ನಮ್ಮ ಬಾಲ್ಯದಲ್ಲಿ ಹುಳಿ ಇದ್ದದ್ದು ಚಿಗಳಿಯಲ್ಲಿ. ಹುಣಸೆಹಣ್ಣು, ಬೆಲ್ಲ, ಉಪ್ಪು, ಜೀರಿಗೆ, ಕೆಂಪು ಮೆಣಸಿನಕಾಯಿ ಕುಟ್ಟಿ, ಉಂಡೆ ಕಟ್ಟಿ, ಕಡ್ಡಿಗೆ ಸಿಕ್ಕಿಸಿ ಚೀಪುವುದು. ಹಲ್ಲು ಚಳಿತು ಹೋದರೂ ಬಿಡುತ್ತಿರಲಿಲ್ಲ. ಇದು ಜಾಮ್ ಆಗಲು ಹುಟ್ಟಿದ ಪದಾರ್ಥ.

ಬೀಜ, ನಾರು ತೆಗೆದ 100 ಗ್ರಾಂ ಹುಣಸೆ. ಹೊಸ ಹುಣಸೆ ಬೇಡ, ಅದು ಬರೀ ಹುಳಿ. ಕಪ್ಪಾಗಿರುವ ಹಳೆಯದರಲ್ಲಿ ಹುಳಿಯ ಹಿಂದೆ ಒಂದು ಆಳವಿರುತ್ತದೆ. 200 ಮಿಲಿಲೀಟರ್ ಬಿಸಿನೀರಿನಲ್ಲಿ ಅರ್ಧ ತಾಸು ನೆನೆಸಿ, ಕಿವುಚಿ, ಜರಡಿಯಲ್ಲಿ ಒತ್ತಿ ತಿರುಳು ತೆಗೆಯಿರಿ. 200 ಗ್ರಾಂ ಬೆಲ್ಲ ಸೇರಿಸಿ ದಪ್ಪ ತಳದ ಸ್ಟೀಲ್ ಪಾತ್ರೆಯಲ್ಲಿ ಸಣ್ಣ ಉರಿಯಲ್ಲಿ ಕುದಿಸಿ. ಅಲ್ಯೂಮಿನಿಯಂ, ಕಲಾಯಿ ಹೋದ ಹಿತ್ತಾಳೆ, ಎರಡೂ ಹುಳಿಗೆ ಆಗಬಾರದು. ಕುದಿಯುವ ಗುಳ್ಳೆಗಳು ಮೊದಲು ಸಣ್ಣಗೆ, ಬೇಗ ಬೇಗ ಏಳುತ್ತವೆ. ಹದ ಬರುತ್ತಿದ್ದಂತೆ ದೊಡ್ಡವಾಗಿ, ನಿಧಾನಕ್ಕೆ, 'ಪ್ಲಕ್' ಎಂದು ಒಡೆಯತೊಡಗುತ್ತವೆ. ಕೈಗೆ ಸಿಡಿದರೆ ಬೊಬ್ಬೆ ಖಂಡಿತ. ಸೌಟಿನಿಂದ ಪಾತ್ರೆಯ ತಳದಲ್ಲಿ ಗೆರೆ ಎಳೆದಾಗ ಆ ಗೆರೆ ಒಂದು ಕ್ಷಣ ಹಾಗೇ ನಿಂತು ಆಮೇಲೆ ಮುಚ್ಚಿಕೊಂಡರೆ ಒಲೆ ಆರಿಸಿ. ತಣ್ಣಗಾದ ಮೇಲೆ ಇನ್ನೂ ಗಟ್ಟಿಯಾಗುತ್ತದೆ. ಹುರಿದು ಕುಟ್ಟಿದ ಅರ್ಧ ಚಮಚ ಜೀರಿಗೆ, ಒಂದು ಚಮಚ ಉಪ್ಪು, ಅರ್ಧ ಚಮಚ ಬ್ಯಾಡಗಿ ಮೆಣಸಿನ ಪುಡಿಯನ್ನು ಇಳಿಸಿದ ಮೇಲೆಯೇ ಹಾಕಿ. ಬ್ಯಾಡಗಿಯಲ್ಲಿ ಬಣ್ಣ ಹೆಚ್ಚು, ಖಾರ ಕಡಿಮೆ. ಬೇರೆ ಮೆಣಸು ಹಾಕಿದರೆ ಮಕ್ಕಳು ಅಳುತ್ತಾರೆ.

ಇದನ್ನು 30 ಗ್ರಾಂ ತುಂಬಬಾರದು, ಅರ್ಧ ಸಾಕು. 15 ಗ್ರಾಂ ಚಿಗಳಿ ಮೊದಲು, ಅದರ ಮೇಲೆ 10 ಗ್ರಾಂ ಕಡೆದ ಕೆನೆ. ಹೆಸರು ಕೇಳಿದವರು ಮೊದಲು ಮುಖ ಸಿಂಡರಿಸುತ್ತಾರೆ, ಅದಕ್ಕೆ ಪಟ್ಟಿಯಲ್ಲಿ ಓದಿಸುವುದನ್ನೇ ಬಿಟ್ಟಿದ್ದೇನೆ. ಪ್ರತಿ ಪೆಟ್ಟಿಗೆಯಲ್ಲೂ ಒಂದು ಇಟ್ಟೇ ಇಡುತ್ತೇನೆ, ಮುಂದಿನ ಆರ್ಡರಿನಲ್ಲಿ ಅದನ್ನೇ ಎರಡು ಹೆಚ್ಚಿಗೆ ಹಾಕಿ ಅನ್ನುತ್ತಾರೆ.

12. ಹೊತ್ತು ಬರೆದು ಕೊಡಿ

ಪೆಟ್ಟಿಗೆಯ ಮೇಲೆ ಕರಿದ ಸಮಯ, ತಿನ್ನಬೇಕಾದ ಸಮಯ ಎರಡನ್ನೂ ಪೆನ್ನಿನಲ್ಲಿ ಬರೆಯುತ್ತೇನೆ. ಹಾಲಿನ ಕ್ರೀಮ್, ಕೆನೆ ಇದ್ದದ್ದನ್ನು ಬಿಸಿಲುಗಾಲದಲ್ಲಿ ಒಂದು ಗಂಟೆಗಿಂತ ಹೆಚ್ಚು ಹೊರಗಿಡಬಾರದು. ಫ್ರಿಜ್ಜಿನಲ್ಲಿಟ್ಟರೆ ಬೇಗ ಕೆಡುವುದಿಲ್ಲ, ಆದರೆ ಬನ್ನು ಬಿರುಸಾಗುತ್ತದೆ. ಅದಕ್ಕೇ ದೊಡ್ಡ ಆರ್ಡರ್ ಇದ್ದಾಗ ಕ್ರೀಮನ್ನು ಹಿಂದಿನ ದಿನ, ಡೋನಟ್ಟನ್ನು ಅದೇ ದಿನ ಮಾಡಿ, ಗಿರಾಕಿ ಬರುವ ಅರ್ಧ ಗಂಟೆ ಮುಂಚೆ ತುಂಬುತ್ತೇನೆ. ಮನೆಯಿಂದ ಮಾರುವವರಿಗೂ ಎಫ್‌ಎಸ್‌ಎಸ್‌ಎಐ ನೋಂದಣಿ ಬೇಕು, ಅದನ್ನು ಮಾಡಿಸಿಕೊಳ್ಳಿ. ಶೇಂಗಾ ಇದ್ದ ಡೋನಟ್ಟಿನ ಮೇಲೆ 'ಶೇಂಗಾ ಇದೆ' ಎಂದು ದಪ್ಪ ಅಕ್ಷರದಲ್ಲಿ ಬರೆಯಿರಿ, ಅದು ಮೈಗೆ ಆಗದ ಮಕ್ಕಳಿರುತ್ತಾರೆ. ಮತ್ತೆ, ಮುಚ್ಚಳವನ್ನು ಬಿಸಿ ಇರುವಾಗ ಹಾಕಬೇಡಿ. ಒಳಗೆ ಬೆವರು ಕಟ್ಟಿ ಪೇಡೆ ಡೋನಟ್ಟಿನ ಸಕ್ಕರೆಯೆಲ್ಲ ನೀರಾದರೆ ಫೋನು ಬರುವುದು ನಿಮಗೇ.